ಪುಟ್ಟಿಗೆ, ಅಮಾಮಿಯ ಕೆಸರು ಹೊಂಡದಿಂದ

ಪುಟ್ಟಿ,

ಫೋನಲ್ಲೇ ಹೇಳೋಣ ಅಂದ್ರೆ ನಿನಗೆ ಮೀಟಿಂಗು, ಇಲ್ಲಿ ಟೈಮ್ ಬೇರೆ ಮೂರೂವರೆ ಗಂಟೆ ಮುಂದೆ, ನೀನು ಫ್ರೀ ಆಗೋ ಹೊತ್ತಿಗೆ ನನಗೆ ಕಣ್ಣು ಎಳೀತಿರುತ್ತೆ. ಅದಕ್ಕೇ ಕೂತು ಬರೀತಿದೀನಿ. ನಿನ್ನೆ ಫೋಟೋ ಕಳ್ಸಿದ್ನಲ್ಲ, ರಬ್ಬರ್ ಬೂಟು ಹಾಕ್ಕೊಂಡು ಕೆಸರಲ್ಲಿ ನಿಂತಿರೋದು, ಅದಕ್ಕೆ ನೀನು "ಅಮ್ಮಾ, ಜಪಾನಿಗೆ ಹೋಗಿ ನಾಟಿ ಮಾಡ್ತಿದೀಯಾ" ಅಂತ ಕೇಳಿದ್ದೆ. ನಾಟಿ ಅಲ್ಲ ಕಣೇ, ರೇಷ್ಮೆಗೆ ಬಣ್ಣ ಕಟ್ತಿದ್ದೆ. ಆ ಕೆಸರೇ ಬಣ್ಣ.

ಈ ದ್ವೀಪದ ಹೆಸರು ಅಮಾಮಿ ಓಶಿಮಾ. ಕಾಗೋಶಿಮಾ ಊರಿಂದ ದಕ್ಷಿಣಕ್ಕೆ ಸುಮಾರು 380 ಕಿಲೋಮೀಟರ್, ಸಮುದ್ರದ ಮಧ್ಯ, ಇನ್ನೂ ಕೆಳಗೆ ಹೋದ್ರೆ ಓಕಿನಾವಾ. ಸಂಜೆ ಹತ್ತಿದ ಹಡಗು ಬೆಳಿಗ್ಗೆ ಐದಕ್ಕೆ ನಾಜೆ ಬಂದರಲ್ಲಿ ಇಳಿಸ್ತು. ಜೊತೆಗಿದ್ದ ಟೀಚರುಗಳಿಗೆ ಕ್ಯೋಟೋದಲ್ಲೇ ಇನ್ನೆರಡು ದಿನ ಇರೋ ಆಸೆ ಇತ್ತು, ನಾನೇ ಹಟ ಹಿಡಿದು ಎಳ್ಕೊಂಡು ಬಂದೆ. ಯಾಕಂದ್ರೆ ಕ್ಯೋಟೋದ ಒಂದು ಅಂಗಡೀಲಿ ಕಪ್ಪು ಕಿಮೋನೋ ಬಟ್ಟೆ ಮುಟ್ಟಿ ನೋಡಿದ್ದೆ, ಅಷ್ಟು ತೆಳು, ಅಷ್ಟು ಮೆತ್ತಗೆ, ಆ ಕಪ್ಪು ಹೇಗಿತ್ತು ಅಂದ್ರೆ ಬಿಸಿಲಿಗೆ ತಿರುಗಿಸಿದ್ರೆ ಒಳಗಿಂದ ಒಂಚೂರು ಕೆಂಪು ಇಣುಕೋದು. ಏನು ಬಣ್ಣ ಅಂತ ಕೇಳಿದ್ರೆ ಅಂಗಡಿಯಾಕೆ ಫೋನಲ್ಲಿ ಟ್ರಾನ್ಸ್‌ಲೇಟ್ ಮಾಡಿ ತೋರ್ಸಿದ್ದು ಎರಡೇ ಪದ: ಮರ, ಕೆಸರು. ಮೂವತ್ತು ವರ್ಷ ಕೆಮಿಸ್ಟ್ರಿ ಪಾಠ ಮಾಡಿದವಳು ನಾನು, ಅದನ್ನ ಕೇಳಿ ಸುಮ್ನೆ ವಾಪಸ್ ಬರೋಕಾಗುತ್ತಾ?

ಆ ಬಟ್ಟೆಗೆ ಓಶಿಮಾ ತ್ಸುಮುಗಿ ಅಂತಾರೆ. ಒಂದು ಕಿಮೋನೋಗೆ ಬೇಕಾಗೋ ಸುಮಾರು 12 ಮೀಟರ್ ಬಟ್ಟೆಗೆ ಇಲ್ಲಿ ‘ತನ್’ ಅನ್ನೋ ಲೆಕ್ಕ (ನಮ್ಮ ಬಟ್ಟೆ ಅಂಗಡಿಯವರ ‘ಥಾನ್’ ನೆನಪಾಯ್ತು ನನಗೆ). ಅಂಥ ಒಂದು ತನ್ ಮುಗಿಯೋಕೆ ಆರು ತಿಂಗಳು, ಕೆಲವೊಂದಕ್ಕೆ ವರ್ಷ. ಪೋಚಂಪಲ್ಲಿ ಸೀರೆ ಥರಾನೇ ನೂಲಿಗೆ ಮೊದಲು ಡಿಸೈನ್ ಪ್ರಕಾರ ಬಣ್ಣ ಕಟ್ಟಿ ಆಮೇಲೆ ನೇಯೋದು, ಆದ್ರೆ ಇಲ್ಲಿ ಕೈಯಲ್ಲಿ ಗಂಟು ಕಟ್ಟಲ್ಲ, ಒಂದು ಮಗ್ಗದಲ್ಲಿ ರೇಷ್ಮೆ ನೂಲನ್ನ ಹತ್ತಿ ದಾರದ ಜೊತೆ ಗಟ್ಟಿಯಾಗಿ ಬಿಗಿದು ಚಾಪೆ ಥರ ನೇಯ್ತಾರೆ, ಹತ್ತಿ ದಾರ ಬಿಗಿದಿರೋ ಕಡೆ ಬಣ್ಣ ಹೋಗಲ್ಲ. ಬಣ್ಣ ಆದ್ಮೇಲೆ ಆ ಚಾಪೆ ಬಿಚ್ಚಿ, ಅದೇ ರೇಷ್ಮೆ ನೂಲನ್ನ ಇನ್ನೊಂದು ಮಗ್ಗಕ್ಕೆ ಏರಿಸಿ, ಚುಕ್ಕಿಗೆ ಚುಕ್ಕಿ ಸೇರೋ ಹಾಗೆ ಸೂಜೀಲಿ ಸರಿಮಾಡ್ಕೊಂಡು ಮತ್ತೆ ನೇಯೋದು. ಅಂದ್ರೆ ಒಂದೇ ಬಟ್ಟೆಗೆ ಎರಡು ಸಲ ನೇಯ್ಗೆ!

ನಾವು ಹೋಗಿದ್ದು ತಾತ್ಸುಗೋ ಅನ್ನೋ ಊರಿಗೆ. ಪ್ರವಾಸಿಗಳಿಗೆ ಅಂತ ಒಂದೆರಡು ಗಂಟೆ ಹೇಳಿಕೊಡ್ತಾರೆ, ಒಂದು ಬಿಳಿ ರೇಷ್ಮೆ ಸ್ಕಾರ್ಫ್ ಕೈಗೆ ಕೊಟ್ರು, ಬೇಕಾದ ಹಾಗೆ ಮಡಚಿ ರಬ್ಬರ್ ಬ್ಯಾಂಡ್ ಬಿಗೀರಿ ಅಂತ. ಹೇಳಿಕೊಟ್ಟಿದ್ದು ವಯಸ್ಸಾದ ಒಬ್ಬರು. ಮೊದಲು ನನ್ನ ಕಣ್ಣು ಹೋಗಿದ್ದೇ ಅವರ ಕೈಗೆ, ಉಗುರೆಲ್ಲ ಕಪ್ಪು, ಬೆರಳ ಗೆರೆಗೆರೇಲೂ ಕಪ್ಪು, ಮಣಿಕಟ್ಟಿನ ಹತ್ರ ಬಳೆ ಹಾಕಿದ ಹಾಗೆ ಒಂದು ಗೆರೆಗೆ ನಿಂತಿತ್ತು.

ಶಾರಿನ್‌ಬಾಯ್ ಅಂತ ಒಂದು ಮರ, ದ್ವೀಪದವರ ಬಾಯಲ್ಲಿ ತೆಚಿಗಿ. ಅದರ ಕಾಂಡ, ಬೇರು ಚಕ್ಕೆ ಮಾಡಿ ನೂರಾರು ಕೇಜಿ ದೊಡ್ಡ ಹಂಡೆಗೆ ಹಾಕಿ ಗಂಟೆಗಟ್ಟಲೆ ಕುದಿಸಿ, ಆ ರಸ ಕೆಲವು ದಿನ ಹಾಗೇ ಇಟ್ಟು ಆಮೇಲೆ ಬಳಸೋದು. ಮುಚ್ಚಳ ತೆಗೆದ್ರು ನೋಡು, ಕೆಂಪು ಕಂದು ರಸ, ಒಗರು ವಾಸನೆ, ಅದರ ಹಿಂದೆ ಒಂಚೂರು ಹುಳಿ. ನನಗೆ ತಕ್ಷಣ ನಮ್ಮ ತೀರ್ಥಹಳ್ಳಿ ಮನೆ ಅಂಗಳ, ಅಡಿಕೆ ಬೇಯಿಸೋ ಹಂಡೆ, ನಿಮ್ಮಪ್ಪ ಸೌಟಲ್ಲಿ ಚೊಗರು (ಅಡಿಕೆ ಬೆಂದ ರಸ) ಎತ್ತಿ ನೋಡೋದು ಎಲ್ಲ ಕಣ್ಮುಂದೆ ಬಂತು. ಅದೇ ಬಣ್ಣ ಪುಟ್ಟಿ, ಅದೇ ಚೊಗರು! ಹೆಗ್ಗೋಡಿನ ಹತ್ರ ಭೀಮನಕೋಣೆಯ ಚರಕದವರು ನೂಲಿಗೆ ಕಟ್ಟೋದೂ ನಮ್ಮ ಚೊಗರಿನ ಬಣ್ಣಾನೇ ಅಲ್ವಾ, ನಿನಗೆ ಅಲ್ಲಿಂದ ತಂದ ಕುರ್ತಾ ಇನ್ನೂ ಇದೆ ಅಂದ್ಕೋತೀನಿ.

ಸ್ಕಾರ್ಫನ್ನ ಆ ರಸದಲ್ಲಿ ಅದ್ದಿ ಚಪಾತಿ ಹಿಟ್ಟು ನಾದೋ ಹಾಗೆ ನಾದಬೇಕು. ಸುಮ್ನೆ ಮುಳುಗಿಸಿಟ್ರೆ ಆಗಲ್ಲ, ಒತ್ತಿ, ತಿರುವಿ, ಎತ್ತಿ ಗಾಳಿ ತೋರಿಸಿ, ಮತ್ತೆ ಒತ್ತಿ. ನಡುವೆ ಸುಣ್ಣದ ನೀರಲ್ಲಿ ಒಂದು ಅದ್ದು, ಆಗ ಬಣ್ಣ ಕೆಂಪಗೆ ತಿರುಗುತ್ತೆ. ಎಲೆ ಅಡಿಕೆ ಸುಣ್ಣ ಬಾಯಲ್ಲಿ ಕೆಂಪಾಗಲ್ವಾ, ಹಾಗೇ ಅಂದ್ಕೋ. ಮೊದಲನೇ ಅದ್ದಿಗೆ ಟೀ ಚೆಲ್ಲಿದ ಬಟ್ಟೆ ಥರ ಇತ್ತು, ಐದಾರು ಸಲಕ್ಕೆ ಇಟ್ಟಿಗೆ ಬಣ್ಣ ಬಂತು. ಅಸಲಿ ನೂಲಿಗೆ ಹೀಗೆ ಇಪ್ಪತ್ತು ಸಲ ರಸ, ಆಮೇಲೆ ಒಂದು ಸಲ ಕೆಸರು, ಅದು ಒಂದು ಸುತ್ತು. ಅಂಥದ್ದು ಮೂರು ನಾಲ್ಕು ಸುತ್ತು ಆಗ್ಬೇಕು, ಹತ್ತಿರ ಹತ್ತಿರ 80 ಸಲ. ಆ ಯಜಮಾನರು ಬೆಳಿಗ್ಗೆಯಿಂದ ಸಂಜೆ ತನಕ ಬಗ್ಗಿ ಇದನ್ನೇ ಮಾಡ್ತಾರೆ, ಹತ್ತು ನಿಮಿಷಕ್ಕೇ ನನ್ನ ಸೊಂಟ ಹಿಡ್ಕೊಂಡಿತ್ತು.

ಆಮೇಲೆ ಹಿಂದುಗಡೆ ಹೊಂಡಕ್ಕೆ ಕರ್ಕೊಂಡು ಹೋದ್ರು. ಗದ್ದೆ ಮಡಿ ಇದ್ದ ಹಾಗೇ ಇದೆ, ಪಕ್ಕದಲ್ಲೇ ಬೆಟ್ಟ, ಸುತ್ತ ಸೊತೆತ್ಸು ಗಿಡ (ಈಚಲ ಮರಿ ಥರ ಕಾಣೋ ಸೈಕಾಡ್, ಕೆಸರಲ್ಲಿ ಕಬ್ಬಿಣದ ಸತ್ವ ಕಮ್ಮಿ ಆಯ್ತು ಅನ್ಸಿದ್ರೆ ಇದರ ಸೊಪ್ಪು ಕಡಿದು ಹೊಂಡಕ್ಕೆ ಹಾಕ್ತಾರಂತೆ). ಕೈ ಹಾಕಿದ್ರೆ ಬೆಣ್ಣೆ. ಒಂದು ಹರಳು ಸಿಗಲ್ಲ, ಮರಳಿನ ಕಣ ಇದ್ರೆ ರೇಷ್ಮೆ ಎಳೆ ಹರಿದು ಹೋಗುತ್ತಲ್ಲ. ಇಟ್ಟಿಗೆ ಬಣ್ಣದ ಸ್ಕಾರ್ಫನ್ನ ಆ ಬೂದು ಕೆಸರೊಳಗೆ ಮುಳುಗಿಸಿ, ಅಲ್ಲೇ ಉಜ್ಜಿ, ಎರಡು ನಿಮಿಷ ಬಿಟ್ಟು ಎತ್ತಿ ನೀರಲ್ಲಿ ಜಾಲಿಸಿದ್ರೆ, ಕಪ್ಪು! ಕೆಸರು ಅಂಟ್ಕೊಂಡಿರೋದು ಅಂದ್ಕೊಂಡು ನಾನು ಮತ್ತೆ ಮತ್ತೆ ಜಾಲಿಸ್ತೀನಿ, ಕೆಸರೆಲ್ಲ ಹೋಯ್ತು, ಕಪ್ಪು ಹೋಗ್ಲಿಲ್ಲ.

ಇದನ್ನ ನಿನಗೆ ಒಂಬತ್ತನೇ ಕ್ಲಾಸಲ್ಲಿ ಹೇಳಿಕೊಟ್ಟಿದ್ದೆ, ನೆನಪಿದೆಯಾ? ಒಗರು ಇರೋ ಕಡೆ ಟ್ಯಾನಿನ್, ಟ್ಯಾನಿನ್‌ಗೆ ಕಬ್ಬಿಣ ಸೇರಿದ್ರೆ ಕಪ್ಪು. ಬಾಳೆಕಾಯಿ ಈಳಿಗೆಮಣೇಲಿ ಹೆಚ್ಚಿದ್ರೆ ಕೈ ಕಪ್ಪಾಗೋದು, ನೆಲ್ಲಿಕಾಯಿ ಕಬ್ಬಿಣದ ಬಾಣಲೇಲಿ ಕಪ್ಪಾಗೋದು, ಹಿಂದಿನವರು ಅಳಲೆಕಾಯಲ್ಲಿ ಮಸಿ ಮಾಡ್ತಿದ್ದದ್ದು, ಎಲ್ಲ ಒಂದೇ. ಮೂವತ್ತು ವರ್ಷ ಬೋರ್ಡ್ ಮೇಲೆ ಬರೆದಿದ್ದೀನಿ, ಟೆಸ್ಟ್‌ಟ್ಯೂಬಲ್ಲಿ ತೋರ್ಸಿದ್ದೀನಿ, ಆದ್ರೆ ನನ್ನ ಎರಡೂ ಕೈ ನಡುವೆ ಒಂದು ಬಟ್ಟೆ ಬಣ್ಣ ತಿರುಗಿದ್ದು ಇದೇ ಮೊದಲು. ಅಲ್ಲೇ ಕಣ್ಣು ತುಂಬಿಬಂತು.

ಕಣ್ಣು ತುಂಬೋಕೆ ಇನ್ನೊಂದು ಕಾರಣ ಇದೆ, ಅದನ್ನ ಹೇಳೋಕೇ ಈ ಪತ್ರ.

ಈ ಕೆಸರಿನ ಬಣ್ಣ ಹೇಗೆ ಶುರುವಾಯ್ತು ಅಂತ ಇಲ್ಲಿ ಒಂದು ಕಥೆ ಹೇಳ್ತಾರೆ. 1609ರಲ್ಲಿ ಸತ್ಸುಮಾದವರು, ಅಂದ್ರೆ ಈಗಿನ ಕಾಗೋಶಿಮಾ ಕಡೆಯ ದೊರೆಗಳು, ಈ ದ್ವೀಪ ಗೆದ್ದುಕೊಂಡ್ರು. ಆಮೇಲೆ ಜನರಿಂದ ಕಬ್ಬು ಬೆಳೆಸಿ ಕಪ್ಪು ಸಕ್ಕರೆನ ಕಂದಾಯ ಅಂತ ಎತ್ಕೊಂಡು ಹೋಗ್ತಿದ್ರು (ಆ ಸಕ್ಕರೆ ತಿಂದೆ, ನಮ್ಮ ಬೆಲ್ಲಾನೇ ಅದು). 1720ರಲ್ಲಿ, ದ್ವೀಪದ ಸಾಮಾನ್ಯ ಜನ ತ್ಸುಮುಗಿ ಉಡೋ ಹಾಗಿಲ್ಲ ಅಂತ ಆಜ್ಞೆ ಬಂತು. ನೇಯೋರು ಅವರು, ಉಡೋ ಹಕ್ಕಿಲ್ಲ. ತಪಾಸಣೆಗೆ ಬಂದಾಗ ಒಬ್ಬಾಕೆ ಹೆದರಿ ತನ್ನ ರೇಷ್ಮೆ ಬಟ್ಟೆ ಗದ್ದೆ ಕೆಸರಲ್ಲಿ ಹೂತಿಟ್ಟಳಂತೆ, ಅವರು ಹೋದ್ಮೇಲೆ ತೆಗೆದು ನೋಡಿದ್ರೆ ಕಡುಗಪ್ಪಾಗಿತ್ತಂತೆ. ಎಷ್ಟು ನಿಜಾನೋ, ಕಥೆ ಅದು. ಆದ್ರೆ ಹೊಂಡದ ದಡದಲ್ಲಿ ನಿಂತು ಆ ಯಜಮಾನರು ಹೇಳ್ತಿದ್ರೆ, ಫೋನು ತಡವರಿಸ್ತಾ ಅದನ್ನ ತರ್ಜುಮೆ ಮಾಡ್ತಿದ್ರೆ, ನನಗೆ ಮಾತ್ರ ಶಿಡ್ಲಘಟ್ಟದಲ್ಲಿ ಹಿಪ್ಪುನೇರಳೆ ಸೊಪ್ಪಿನ ಹೊರೆ ಹೊತ್ಕೊಂಡು ಬರ್ತಿದ್ದ ನಮ್ಮಮ್ಮ ಕಾಣ್ತಿದ್ರು.

ನೀನು ಅಜ್ಜೀನ ನೋಡಿದ್ದು ಅವರಿಗೆ ವಯಸ್ಸಾದ್ಮೇಲೆ. ನಾವು ಚಿಕ್ಕವರಿದ್ದಾಗ ಮನೆ ಅಂದ್ರೆ ಹುಳದ್ದು, ನಾವು ಬಾಡಿಗೆಗಿದ್ದ ಹಾಗೆ. ನಡುಮನೆ ಪೂರ್ತಿ ತಟ್ಟೆಗಳು, ಮಲಗೋದು ಜಗಲೀಲಿ. ಹುಳ ಇರೋವಾಗ ಒಗ್ಗರಣೆ ಇಲ್ಲ, ಊದುಬತ್ತಿ ಇಲ್ಲ. ನಾಲ್ಕನೇ ಜ್ವರ (ಹುಳ ಪೊರೆ ಬಿಡೋದಕ್ಕೆ ಜ್ವರ ಅಂತಾರೆ) ಎದ್ದ ಮೇಲಂತೂ ರಾತ್ರಿ ಹನ್ನೊಂದಕ್ಕೆ ಒಂದು ಸಲ, ಬೆಳಗಿನ ಜಾವ ಒಂದು ಸಲ ಸೊಪ್ಪು. ಹಣ್ಣಾದ ಹುಳ ಒಂದೊಂದೇ ಆರಿಸಿ ಚಂದ್ರಿಕೆಗೆ (ಹುಳ ಗೂಡು ಕಟ್ಟೋ ಬಿದಿರಿನ ತಟ್ಟಿ) ಬಿಡೋವಾಗ ಅಮ್ಮ ಬೆಳಕಿಗೆ ಹಿಡಿದು ನೋಡೋರು, ಮೈ ಪಾರದರ್ಶಕ ಆಗಿರ್ಬೇಕು. ಆಮೇಲೆ ಗೂಡು ಬಿಡಿಸಿ ಮಾರ್ಕೆಟ್ಟಿಗೆ. 1990ರ ದಶಕದಲ್ಲಿ ಜಪಾನಿನವರ ಸಹಾಯದಿಂದ ಮೈಸೂರಿನ ರೇಷ್ಮೆ ಸಂಶೋಧನಾ ಸಂಸ್ಥೆಯವರು ಬಿಳಿ ಗೂಡಿನ ಹೊಸ ಬೈವೋಲ್ಟಿನ್ (ವರ್ಷಕ್ಕೆ ಎರಡು ಪೀಳಿಗೆಯ) ತಳಿ ತಂದ್ರಲ್ಲ, ಅದನ್ನೂ ಅಮ್ಮ ಸಾಕಿದ್ರು, ಒಂದೊಂದು ಗೂಡಲ್ಲಿ ಸಾವಿರ ಮೀಟರ್ ಎಳೆ ಇರುತ್ತಂತೆ ಕಣೇ ಅಂತ ಬೆರಗಿಂದ ಹೇಳಿದ್ರು. ಅಷ್ಟೊಂದು ಸಾವಿರ ಸಾವಿರ ಗೂಡು ಕೈಯಿಂದ ಹೋಯ್ತು, ಅಮ್ಮನ ಹತ್ರ ಇದ್ದ ರೇಷ್ಮೆ ಸೀರೆ ಒಂದೇ, ಧಾರೆ ಸೀರೆ. ನನ್ನ ಮದುವೆಗೂ ಅದನ್ನೇ ಉಟ್ರು, ನಿನ್ನ ನಾಮಕರಣಕ್ಕೂ ಅದನ್ನೇ ಉಟ್ರು. ಯಾವ ದೊರೆಯೂ ಆಜ್ಞೆ ಮಾಡಿರ್ಲಿಲ್ಲ ಪುಟ್ಟಿ, ಗೂಡಿನ ದುಡ್ಡು ಬಂದ ದಿನವೇ ಸೊಪ್ಪಿನ ಸಾಲಕ್ಕೆ, ನಮ್ಮ ಫೀಸಿಗೆ ಹೋಗ್ತಿತ್ತು. ನಾನು ಸಂಬಳ ತಗೊಳ್ಳೋಕೆ ಶುರು ಮಾಡಿದ್ಮೇಲೂ ಒಂದು ಸೀರೆ ತಂದು ಕೊಡ್ಲಿಲ್ಲ, ಕೇಳಿದ್ರೆ ನನಗ್ಯಾಕೆ ಈಗ ಅನ್ನೋರು, ನಾನೂ ಸುಮ್ಮನಾದೆ. ಈ ಮಾತು ಯಾರ ಹತ್ರಾನೂ ಹೇಳಿರ್ಲಿಲ್ಲ.

ನನ್ನ ಸ್ಕಾರ್ಫ್ ಪೂರ್ತಿ ಕಪ್ಪಾಗಿಲ್ಲ. ಎರಡು ಸುತ್ತು ಕೆಸರು ಕಂಡಿದ್ದಷ್ಟೇ ಅದು, ಒಣಗಿದ ಮೇಲೆ ಹುರಿದ ಕಾಫಿ ಬೀಜದ ಬಣ್ಣಕ್ಕೆ ನಿಂತಿದೆ, ರಬ್ಬರ್ ಬ್ಯಾಂಡ್ ಬಿಗಿದಿದ್ದ ಕಡೆ ಕೆನೆ ಬಣ್ಣದ ಬಳ್ಳಿ ಥರ ಗೆರೆ. ಅದು ನಿನಗೆ. ಮಷೀನಿಗೆ ಹಾಕ್ಬೇಡ, ತಣ್ಣೀರಲ್ಲಿ ಕೈಯಲ್ಲಿ ಒಗೆದು ನೆರಳಲ್ಲಿ ಒಣಗ್ಸು, ನಿಂಬೆ ಹುಳಿ ತಾಗಿಸ್ಬೇಡ, ಹುಳಿ ತಾಗಿದ್ರೆ ಈ ಕಪ್ಪು ಬಿಡುತ್ತೆ.

ಇಲ್ಲೂ ಕೈಗಳು ಕಮ್ಮಿ ಆಗ್ತಿವೆ. 1970ರ ದಶಕದಲ್ಲಿ ವರ್ಷಕ್ಕೆ ಲಕ್ಷಗಟ್ಟಲೆ ತನ್ ನೇಯ್ತಿದ್ದ ದ್ವೀಪದಲ್ಲಿ ಈಗ ಕೆಲವೇ ಸಾವಿರ. ಮಗ್ಗದ ಕೋಣೇಲಿ ನಾನು ನೋಡಿದ ಹೆಂಗಸರೆಲ್ಲ ನನ್ನ ವಯಸ್ಸಿನೋರು, ಇಲ್ಲಾ ನನಗಿಂತ ದೊಡ್ಡೋರು. ಒಬ್ಬಾಕೆ ನನ್ನ ಕೈ ಹಿಡಿದು, ಕಪ್ಪಾಗಿದ್ದ ಉಗುರು ನೋಡಿ ನಕ್ಕು, ಒಂದು ತುಂಡು ಕಪ್ಪು ಸಕ್ಕರೆ ಇಟ್ರು.

ಈಗ ಕೆಲಸದ ಮಾತು. ಅಜ್ಜಿಯ ಟ್ರಂಕಲ್ಲಿ ಹಳೇ ಟವೆಲಲ್ಲಿ ಸುತ್ತಿಟ್ಟ ಒಂದು ಲಡಿ ರೇಷ್ಮೆ ಇದೆ, ಅಜ್ಜಿಯದೇ ಗೂಡಿಂದ ಬಿಚ್ಚಿದ್ದು, ಪಕ್ಕದ ಮನೆ ರೀಲರ್ ಪ್ರೀತಿಗೆ ಕೊಟ್ಟಿದ್ದರು. ಅದನ್ನ ಯಾರೂ ನೇಯಲಿಲ್ಲ. ಮೊದಲು ಸೋಪಿನ ನೀರಲ್ಲಿ ಬಿಸಿ ಮಾಡಿ ಅದರ ಅಂಟು ತೆಗೀಬೇಕು, ಅದು ನನಗೆ ಬಿಡು. ಚೊಗರು ಮನೇಲೇ ಇದೆ. ಕೆಸರಿಗೆ ನಮ್ಮ ಕೆಳಗಿನ ಗದ್ದೆ, ಮೂಲೇಲಿ ನೀರು ನಿಂತ ಕಡೆ ಎಣ್ಣೆ ಚೆಲ್ಲಿದ ಹಾಗೆ ಬಣ್ಣಬಣ್ಣದ ಪೊರೆ ಕಟ್ಟುತ್ತಲ್ಲ, ನೀನು ಚಿಕ್ಕೋಳಿದ್ದಾಗ ಕಡ್ಡೀಲಿ ಒಡೀತಿದ್ದೆ, ಅದು ಎಣ್ಣೆ ಅಲ್ಲ, ಕಬ್ಬಿಣ. ಗಾಳಿ ಇಲ್ಲದ ಕೆಸರಲ್ಲಿ ಕಬ್ಬಿಣ ಕರಗಿರುತ್ತೆ, ಅದೇ ಬೇಕಾಗಿರೋದು. ಮೊದಲು ಒಂದು ನಾಲ್ಕು ಎಳೆಗೆ ಮಾತ್ರ ಮಾಡಿ ನೋಡೋಣ, ಕಪ್ಪು ಬಂದ್ರೆ ಪೂರ್ತಿ ಲಡಿಗೆ.

ನಾನು ಬರೋ ಗುರುವಾರ ಬೆಂಗಳೂರಿಗೆ ಇಳೀತೀನಿ. ಶನಿವಾರ ರಜಾ ಹಾಕಿ ನನ್ನ ಜೊತೆ ಊರಿಗೆ ಬಾ, ಭಾನುವಾರ ರಾತ್ರಿ ಬಸ್ಸಿಗೆ ಕಳಿಸ್ತೀನಿ. ಹಳೇ ಬಟ್ಟೆ ತಗೊಂಡು ಬಾ. ಎರಡು ಬಾಟಲಿ ಚೊಗರು ಎತ್ತಿಡೋಕೆ ಅಪ್ಪನಿಗೆ ಆಗಲೇ ಹೇಳಿದೀನಿ.

ನಿನ್ನ ಅಮ್ಮ