ಆ ಮೆಟ್ಟಿಲ ಮೇಲೆ ಸತ್ತವರಿಗೂ ಒಂದು ಹೆಸರಿತ್ತು

ಮಾನ್ಯ ಸಂಪಾದಕರೇ,

ನಿಮ್ಮ ವಾರದ ಪುರವಣಿಯಲ್ಲಿ ಬ್ರಿಟನ್ನಿನ ರೆಕಾರ್ಡ್ ಪ್ರೊಡ್ಯೂಸರ್ ಜೋ ಮೀಕ್ ಬಗ್ಗೆ ಬಂದ ಬರಹ ಓದಿದೆ. ಎರಡು ಸಲ ಓದಿದೆ. ಕನ್ನಡದಲ್ಲಿ ಇವನ ಬಗ್ಗೆ ಯಾರೋ ಬರೆದರಲ್ಲ ಅಂತ ಮೊದಲು ತುಂಬಾ ಖುಷಿಯಾಯಿತು. ಕೊನೆಯ ಪ್ಯಾರಾಗೆ ಬರುವ ಹೊತ್ತಿಗೆ ಆ ಖುಷಿ ಇಳಿದುಹೋಯಿತು. ಹುಚ್ಚು ಪ್ರತಿಭೆ, ದುರಂತ ಅಂತ್ಯ, ಮನೆ ಮಾಲಕಿಗೆ ಗುಂಡು ಹೊಡೆದು ತಾನೂ ಸತ್ತ. ಇಷ್ಟೇ. ಒಂದೇ ಸಾಲು. ಆ ಮನೆ ಮಾಲಕಿಗೆ ಒಂದು ಹೆಸರಿತ್ತು. ವೈಲೆಟ್ ಶೆಂಟನ್. ಪತ್ರದ ಮುಖ್ಯ ವಿಷಯ ಇದೇ, ಆದರೆ ಮೀಕ್‌ನ ಕೆಲಸದ ಬಗ್ಗೆಯೂ ಹೇಳಬೇಕಾದ್ದು ಸುಮಾರು ಬಿಟ್ಟುಹೋಗಿದೆ, ಹಾಗಾಗಿ ಸ್ವಲ್ಪ ಉದ್ದ ಆಗುತ್ತದೆ. ದಯವಿಟ್ಟು ಕತ್ತರಿಸಬೇಡಿ.

ನಾನು ಸೌಂಡ್ ಕೆಲಸ ಮಾಡುವವನು. ದಿನಾ ಹೆಡ್‌ಫೋನ್ ಹಾಕಿಕೊಂಡು ಮಿಕ್ಸರ್ ಮುಂದೆ ಕೂರುವವನು. ನಿಮ್ಮ ಲೇಖಕರು ಅವನನ್ನು 'ನಿರ್ಮಾಪಕ' ಅಂತ ಬರೆದಿದ್ದಾರೆ. ಕನ್ನಡದಲ್ಲಿ ನಿರ್ಮಾಪಕ ಅಂದರೆ ದುಡ್ಡು ಹಾಕುವವನು ಅಂತಲೇ ಜನರಿಗೆ ಅರ್ಥ ಆಗುವುದು, ಅಲ್ವಾ? ಮೀಕ್ ಹತ್ತಿರ ದುಡ್ಡು ಇದ್ದ ಕಾಲ ಬಹಳ ಕಡಿಮೆ. ಒಂದು ಹಾಡು ಕಿವಿಗೆ ಹೇಗೆ ಬೀಳಬೇಕು ಅಂತ ತೀರ್ಮಾನ ಮಾಡುವವನು ಅವನು. ಯಾರು ಹಾಡಬೇಕು, ಮೈಕ್ ಎಲ್ಲಿಡಬೇಕು, ಎಷ್ಟು ಎಕೋ ಬೇಕು, ಯಾವ ಟೇಕ್ ಇಟ್ಟುಕೊಳ್ಳಬೇಕು, ಎಲ್ಲ ಅವನದೇ.

ಅವನು ಹುಟ್ಟಿದ್ದು 1929ರಲ್ಲಿ, ಗ್ಲಾಸ್ಟರ್‌ಶೈರ್‌ನ ನ್ಯೂಯೆಂಟ್ ಅನ್ನೋ ಸಣ್ಣ ಊರಿನಲ್ಲಿ. ಚಿಕ್ಕಂದಿನಿಂದ ವೈರು, ವಾಲ್ವು, ರೇಡಿಯೋ ಇವೇ ಅವನ ಪ್ರಪಂಚ. ವಾಯುಪಡೆಯಲ್ಲಿ ರೇಡಾರ್ ಕೆಲಸ, ಆಮೇಲೆ ಮಿಡ್ಲೆಂಡ್ಸ್ ವಿದ್ಯುತ್ ಮಂಡಳಿಯಲ್ಲಿ ನೌಕರಿ, ಅಲ್ಲಿಂದ ಲಂಡನ್ನಿಗೆ ಬಂದು ಐಬಿಸಿ ಸ್ಟುಡಿಯೋದಲ್ಲಿ ರೆಕಾರ್ಡಿಂಗ್ ಎಂಜಿನಿಯರ್. 1956ರಲ್ಲಿ ಜಾಝ್ ಟ್ರಂಪೆಟ್ ವಾದಕ ಹಂಫ್ರಿ ಲಿಟಲ್‌ಟನ್ ಅವರ 'ಬ್ಯಾಡ್ ಪೆನ್ನಿ ಬ್ಲೂಸ್' ರೆಕಾರ್ಡ್ ಮಾಡುವಾಗ ಪಿಯಾನೋದ ಎಡಗೈ ಸ್ವರಗಳನ್ನು ಎಷ್ಟು ಮುಂದೆ ತಂದು ಕೂರಿಸಿದ ಅಂದರೆ, ಲಿಟಲ್‌ಟನ್ ಅವರಿಗೆ ಅದು ಇಷ್ಟವೇ ಆಗಲಿಲ್ಲ. ಆದರೆ ಆ ರೆಕಾರ್ಡ್ ಬ್ರಿಟನ್ನಿನ ಟಾಪ್ 20 ಒಳಗೆ ಹೋಯಿತು. ಅದಕ್ಕೆ ಆ ಪಿಯಾನೋ ಸದ್ದೇ ಕಾರಣ ಅಂತ ನನ್ನ ಅಭಿಪ್ರಾಯ. ಇವತ್ತು ಕೇಳಿದರೂ ಪಿಯಾನೋ ಪಕ್ಕದಲ್ಲೇ ಕೂತ ಹಾಗಿರುತ್ತದೆ.

ಆ ಕಾಲದ ವ್ಯವಸ್ಥೆ ಗೊತ್ತಿದ್ದರೆ ಮಾತ್ರ ಅವನು ಮಾಡಿದ್ದು ಎಷ್ಟು ದೊಡ್ಡದು ಅಂತ ತಿಳಿಯುತ್ತದೆ. ಇಎಂಐ, ಡೆಕ್ಕಾ, ಪೈ, ಫಿಲಿಪ್ಸ್ ಈ ನಾಲ್ಕು ಕಂಪನಿಗಳ ಕೈಯಲ್ಲೇ ಬ್ರಿಟನ್ನಿನ ರೆಕಾರ್ಡ್ ವ್ಯಾಪಾರ ಇತ್ತು. ಸ್ಟುಡಿಯೋ ಅವರದು, ಎಂಜಿನಿಯರ್ ಅವರವನು, ಫ್ಯಾಕ್ಟರಿ ಅವರದು. ಮೈಕ್ ವಾದ್ಯದಿಂದ ಇಷ್ಟು ದೂರ ಇರಬೇಕು, ಸದ್ದು ಅಳೆಯುವ ಮೀಟರಿನ ಮುಳ್ಳು ಕೆಂಪಿಗೆ ಹೋಗಬಾರದು, ಹೀಗೆ ಎಲ್ಲದಕ್ಕೂ ಕಟ್ಟುಪಾಡು. ಮೀಕ್ ಮೈಕನ್ನು ವಾದ್ಯದ ಬಾಯಿಗೇ ಹಿಡಿಯುತ್ತಿದ್ದ. ಮುಳ್ಳು ಕೆಂಪಿಗೆ ಹೋದರೆ ಹೋಗಲಿ ಅನ್ನುತ್ತಿದ್ದ. ಇಂಥವನು ಇನ್ನೊಬ್ಬರ ಸ್ಟುಡಿಯೋದಲ್ಲಿ ಎಷ್ಟು ದಿನ ಇರಲು ಸಾಧ್ಯ?

1960ರಲ್ಲಿ ಅವನು ಉತ್ತರ ಲಂಡನ್ನಿನ 304 ಹಾಲೊವೇ ರಸ್ತೆಗೆ ಬಂದ. ಕೆಳಗೆ ಚರ್ಮದ ಬ್ಯಾಗು ಸೂಟ್‌ಕೇಸುಗಳ ಅಂಗಡಿ. ಮೇಲಿನ ಮನೆ ಇವನಿಗೆ ಬಾಡಿಗೆಗೆ. ಆ ಅಂಗಡಿ ಶೆಂಟನ್ ದಂಪತಿಯದು. ಈ ಮನೆಯಲ್ಲೇ ಸ್ಟುಡಿಯೋ. ಒಂದು ರೂಮಿನಲ್ಲಿ ವಾದ್ಯದವರು, ಇನ್ನೊಂದರಲ್ಲಿ ಮಿಷಿನ್ನುಗಳ ನಡುವೆ ಮೀಕ್. ಬಚ್ಚಲುಮನೆಯ ಗೋಡೆಯಿಂದ ದನಿ ಚೆನ್ನಾಗಿ ವಾಪಸ್ ಬರುತ್ತದೆ ಅಂತ ಹಾಡುವವರನ್ನು ಅಲ್ಲಿ ನಿಲ್ಲಿಸುತ್ತಿದ್ದ. ಪಿಟೀಲಿನವರು ಬಂದರೆ ಜಾಗ ಸಾಲದೆ ಮೆಟ್ಟಿಲ ಮೇಲೆ.

ಒಂದೊಂದು ವಾದ್ಯವನ್ನೂ ಬೇರೆ ಬೇರೆ ಇಟ್ಟುಕೊಳ್ಳಲು ಬೇಕಾದಷ್ಟು ಟ್ರ್ಯಾಕ್‌ಗಳೂ ಇರಲಿಲ್ಲ. ನಾನು ಈಗ ಕಂಪ್ಯೂಟರಿನಲ್ಲಿ ನೂರು ಟ್ರ್ಯಾಕ್ ಹಾಕಿಕೊಂಡು, ಒಂದು ಸರಿಯಿಲ್ಲ ಅಂದರೆ ಅದನ್ನಷ್ಟೇ ತೆಗೆದು ಬೇರೆ ಹಾಕುತ್ತೇನೆ. ಅವನು ಮಾಡುತ್ತಿದ್ದದ್ದು ಹೀಗೆ: ಒಂದು ಟೇಪ್ ಮಿಷಿನ್ನಿನಲ್ಲಿ ಈಗಾಗಲೇ ನುಡಿಸಿದ್ದು ಓಡುತ್ತಿರುತ್ತದೆ, ಅದರ ಜೊತೆಗೆ ಹೊಸದಾಗಿ ಒಬ್ಬರು ನುಡಿಸುತ್ತಾರೆ, ಎರಡೂ ಸೇರಿ ಇನ್ನೊಂದು ಮಿಷಿನ್ನಿಗೆ ಹೋಗುತ್ತದೆ. ಆಮೇಲೆ ಅದರ ಮೇಲೆ ಮತ್ತೊಂದು. ಹಿಂದಕ್ಕೆ ಹೋಗೋ ದಾರಿಯೇ ಇಲ್ಲ. ಒಂದೊಂದು ಸಲಕ್ಕೂ ಟೇಪಿನ 'ಸ್ಸ್‌ಸ್' ಸದ್ದು ಜಾಸ್ತಿ ಆಗುತ್ತಾ ಹೋಗುತ್ತದೆ. ಡ್ರಮ್ ಸ್ವಲ್ಪ ಕಡಿಮೆ ಆಯಿತು ಅಂತ ನಾಲ್ಕನೇ ಸಲಕ್ಕೆ ಗೊತ್ತಾದರೆ ಮೊದಲಿನಿಂದ ಶುರು. ಕೊನೆಯಲ್ಲಿ ಎಲ್ಲ ಸೇರಿ ಹೇಗೆ ಕೇಳಿಸುತ್ತದೆ ಅಂತ ಅವನ ತಲೆಯಲ್ಲಿ ಮೊದಲೇ ಇರಬೇಕಿತ್ತು. ಇತ್ತು ಕೂಡ.

ಇನ್ನೊಂದು ವಿಷಯ. ಅವನಿಗೆ ಯಾವ ವಾದ್ಯವೂ ನುಡಿಸಲು ಬರುತ್ತಿರಲಿಲ್ಲ. ಸ್ವರ ಬರೆಯಲು, ಓದಲು ಬರುತ್ತಿರಲಿಲ್ಲ. ತಲೆಗೆ ಬಂದ ರಾಗವನ್ನು ಬೇರೆ ಯಾವುದೋ ಹಾಡಿನ ತಾಳಕ್ಕೆ 'ಲಾ ಲಾ' ಅಂತ ಹಾಡಿ ಟೇಪ್ ಮಾಡಿ ಕೊಡುತ್ತಿದ್ದ. ಅದರಿಂದ ಅಸಲಿ ರಾಗ ಹುಡುಕಿ ತೆಗೆಯುವುದು ವಾದ್ಯದವರ ಕೆಲಸ. 'ಟೆಲ್‌ಸ್ಟಾರ್' ಅನ್ನೋ ಅವನ ವಾದ್ಯಸಂಗೀತದ ರೆಕಾರ್ಡ್ ಹುಟ್ಟಿದ್ದೂ ಹೀಗೇ. 1962ರ ಜುಲೈ 10ರಂದು ಟೆಲ್‌ಸ್ಟಾರ್ ಉಪಗ್ರಹ ಮೇಲೆ ಹೋಯಿತು, ಅಟ್ಲಾಂಟಿಕ್ ಸಾಗರದ ಆಚೆಯಿಂದ ಟಿವಿ ಚಿತ್ರಗಳು ನೇರವಾಗಿ ಬಂದವು. ಮೀಕ್‌ಗೆ ಅದರ ಗುಂಗು ಹಿಡಿಯಿತು. ಟೊರ್ನಾಡೋಸ್ ತಂಡದವರು ಆಗ ಗ್ರೇಟ್ ಯಾರ್ಮತ್‌ನಲ್ಲಿ ಗಾಯಕ ಬಿಲ್ಲಿ ಫ್ಯೂರಿಗೆ ವಾದ್ಯ ನುಡಿಸುತ್ತಿದ್ದರು. ಬಿಡುವು ಮಾಡಿಕೊಂಡು ಲಂಡನ್ನಿಗೆ ಬಂದು ನುಡಿಸಿ ಹೋದರು. ಮುಖ್ಯ ರಾಗವನ್ನು ಆಮೇಲೆ, ಮೀಕ್‌ಗೆ ಹಾಡು ಬರೆದುಕೊಡುತ್ತಿದ್ದ ಜೆಫ್ ಗೊಡಾರ್ಡ್ ಕ್ಲಾವಿಯೋಲಿನ್ ಅನ್ನೋ ಸಣ್ಣ ವಿದ್ಯುತ್ ಕೀಬೋರ್ಡಿನಲ್ಲಿ ನುಡಿಸಿದ. ರಾಕೆಟ್ ಹಾರುವ ಸದ್ದನ್ನು ಮೀಕ್ ಸೇರಿಸಿದ. ಆಗಸ್ಟ್‌ನಲ್ಲಿ ಡೆಕ್ಕಾ ಅದನ್ನು ಬಿಡುಗಡೆ ಮಾಡಿತು. ಬ್ರಿಟನ್ನಿನಲ್ಲಿ ನಂಬರ್ ಒನ್, ಡಿಸೆಂಬರ್‌ನಲ್ಲಿ ಅಮೆರಿಕದಲ್ಲೂ ನಂಬರ್ ಒನ್. ಬ್ರಿಟನ್ನಿನ ಒಂದು ತಂಡ ಅಮೆರಿಕದ ಹಾಟ್ 100 ಪಟ್ಟಿಯ ತುದಿಗೆ ಹೋಗಿದ್ದು ಅದೇ ಮೊದಲು. ಬೀಟಲ್ಸ್ ಅಲ್ಲಿಗೆ ತಲುಪಿದ್ದು 1964ರಲ್ಲಿ. ಇದನ್ನು ನಿಮ್ಮ ಬರಹದಲ್ಲಿ ಬಿಟ್ಟಿದ್ದೀರಿ, ಸೇರಿಸಬೇಕಿತ್ತು.

ಅದಕ್ಕೂ ಮೊದಲು 1961ರಲ್ಲಿ ಜಾನ್ ಲೇಟನ್ ಹಾಡಿದ 'ಜಾನಿ ರಿಮೆಂಬರ್ ಮಿ' ನಂಬರ್ ಒನ್ ಆಗಿತ್ತು. 1964ರಲ್ಲಿ ಹನಿಕೂಂಬ್ಸ್ ತಂಡದ 'ಹ್ಯಾವ್ ಐ ದ ರೈಟ್' ಕೂಡ. ಈ ಮೂರನೆಯದನ್ನು ದಯವಿಟ್ಟು ಒಂದು ಸಲ ಹೆಡ್‌ಫೋನ್ ಹಾಕಿಕೊಂಡು ಕೇಳಿ. ಪಲ್ಲವಿ ಬಂದಾಗ ಧಡ್ ಧಡ್ ಧಡ್ ಅಂತ ಒಂದು ಸದ್ದು ಬರುತ್ತದೆ. ಡ್ರಮ್ ನುಡಿಸಿದ್ದು ಹನಿ ಲ್ಯಾಂಟ್ರಿ ಅನ್ನೋ ಹುಡುಗಿ, ಆ ಕಾಲಕ್ಕೆ ಅದೇ ದೊಡ್ಡ ಸುದ್ದಿ. ಆದರೆ ಆ ಧಡ್ ಧಡ್ ಡ್ರಮ್ ಒಂದರದ್ದೇ ಅಲ್ಲ. ತಂಡದವರು ಮನೆಯ ಮರದ ಮೆಟ್ಟಿಲ ಮೇಲೆ ನಿಂತು ಕಾಲಿನಿಂದ ಕುಟ್ಟಿದ್ದು. ಮೀಕ್ ಸೈಕಲ್ ಕ್ಲಿಪ್‌ಗಳಿಂದ ಐದು ಮೈಕುಗಳನ್ನು ಮೆಟ್ಟಿಲ ಕಟಾಂಜನಕ್ಕೆ ಸಿಕ್ಕಿಸಿ ಅದನ್ನು ಹಿಡಿದ. ಸಾಲದು ಅಂತ ಕಂಜಿರದ ಥರದ ಟ್ಯಾಂಬೊರಿನ್ ಒಂದನ್ನು ನೇರವಾಗಿ ಮೈಕಿಗೇ ಬಡಿಸಿದ.

ಕೆಳಗಿನ ಅಂಗಡಿಯಲ್ಲಿ ವ್ಯಾಪಾರ ಮಾಡುತ್ತಿದ್ದವರ ಗತಿ ಯೋಚನೆ ಮಾಡಿ. ಸದ್ದು ಮಿತಿಮೀರಿದಾಗ ವೈಲೆಟ್ ಶೆಂಟನ್ ಪೊರಕೆಯ ಹಿಡಿಯಿಂದ ಅಂಗಡಿಯ ಚಾವಣಿ ತಟ್ಟುತ್ತಿದ್ದರು. ಮೀಕ್ ಅದಕ್ಕೆ ಉತ್ತರವಾಗಿ ಸ್ಪೀಕರ್ ತಂದು ಮೆಟ್ಟಿಲ ಹತ್ತಿರ ಇಟ್ಟು ಸದ್ದು ಇನ್ನೂ ಜಾಸ್ತಿ ಮಾಡುತ್ತಿದ್ದನಂತೆ. ಈ ಸಂಗತಿಯನ್ನು ಎಲ್ಲರೂ ತಮಾಷೆಯಾಗಿ ಹೇಳುತ್ತಾರೆ. ನನಗೆ ತಮಾಷೆ ಅನ್ನಿಸುವುದಿಲ್ಲ. ವರ್ಷಗಟ್ಟಲೆ ಆ ಸದ್ದನ್ನು ತಡೆದುಕೊಂಡರು, ಮನೆ ಬಿಡಿಸಲಿಲ್ಲ. ಅವರು ಬಿಡಿಸಿದ್ದರೆ ಟೆಲ್‌ಸ್ಟಾರ್ ಅಲ್ಲಿ ಹುಟ್ಟುತ್ತಿರಲಿಲ್ಲ.

ಮುಂದೆ ಎಲ್ಲ ಒಟ್ಟೊಟ್ಟಿಗೆ ಕೆಟ್ಟಿತು. ಫ್ರಾನ್ಸಿನ ಸಂಗೀತಗಾರ ಜಾನ್ ಲೆದ್ರೂ, 'ಆಸ್ಟರ್‌ಲಿಟ್ಜ್' ಸಿನಿಮಾಕ್ಕೆ ತಾನು ಮಾಡಿದ ರಾಗವನ್ನು ಟೆಲ್‌ಸ್ಟಾರ್‌ನಲ್ಲಿ ಕದ್ದಿದ್ದಾರೆ ಅಂತ ಕೇಸು ಹಾಕಿದ. ಕೇಸು ಮುಗಿಯುವ ತನಕ ರಾಯಲ್ಟಿ ಹಣ ಕೊಡುವಂತಿಲ್ಲ. ಜಗತ್ತೇ ಗುನುಗಿದ ರಾಗದ ದುಡ್ಡು ಅದನ್ನು ಮಾಡಿದವನಿಗೆ ಸಿಗಲಿಲ್ಲ. ತೀರ್ಪು ಮೀಕ್ ಪರವಾಗಿಯೇ ಬಂತು, ಆದರೆ ಅಷ್ಟರಲ್ಲಿ ಅವನು ಸತ್ತಿದ್ದ. ಹ್ಯಾವ್ ಐ ದ ರೈಟ್ ತನ್ನ ಹಾಡು ಅಂತ ಗೊಡಾರ್ಡ್ ಕೇಳಿದ್ದರಿಂದ ಅವರಿಬ್ಬರ ಸ್ನೇಹವೂ ಮುರಿಯಿತು. 1964ರ ನಂತರ ಒಂದೂ ನಂಬರ್ ಒನ್ ಇಲ್ಲ. ತಮ್ಮ ಹಾಡು ತಾವೇ ಬರೆಯುವ ತಂಡಗಳ ಕಾಲ ಬಂದಿತ್ತು.

ಇನ್ನು ನಿಮ್ಮ 'ಹುಚ್ಚು' ಅನ್ನೋ ಮಾತಿಗೆ ಬರುತ್ತೇನೆ. ಮೀಕ್ ಸಲಿಂಗಿ. ಆಗಿನ ಇಂಗ್ಲೆಂಡಿನಲ್ಲಿ ಗಂಡು ಗಂಡನ್ನು ಪ್ರೀತಿಸುವುದು ಅಪರಾಧ. 1963ರಲ್ಲಿ ಪೊಲೀಸರು ಅವನನ್ನು ಹಿಡಿದರು, ಕೋರ್ಟು 15 ಪೌಂಡ್ ದಂಡ ಹಾಕಿತು, ಪತ್ರಿಕೆಯಲ್ಲಿ ಸುದ್ದಿ ಬಂತು. ದಂಡ ಸಣ್ಣದಿರಬಹುದು, ಪತ್ರಿಕೆಯಲ್ಲಿ ಹೆಸರು ಬಂದಿದ್ದು ಸಣ್ಣದಲ್ಲ. ಅಲ್ಲಿಂದ ಮುಂದೆ ಬ್ಲ್ಯಾಕ್‌ಮೇಲ್ ಭಯ, ಸಾಲ, ಮಾತ್ರೆಗಳು, ನಿದ್ದೆಯಿಲ್ಲದ ರಾತ್ರಿಗಳು. ಯಾರೋ ಗೋಡೆಯಲ್ಲಿ ಮೈಕ್ ಇಟ್ಟು ತನ್ನ ಸದ್ದು ಕದಿಯುತ್ತಿದ್ದಾರೆ ಅನ್ನೋ ಅನುಮಾನ. ಅವನಿಗೆ ಬೇಕಿದ್ದದ್ದು ಡಾಕ್ಟರು, ನೆಮ್ಮದಿ, ಅವನಿಗೆ ಸೇರಬೇಕಾದ ದುಡ್ಡು. ಆ ಕಾನೂನು ಇಂಗ್ಲೆಂಡ್ ಮತ್ತು ವೇಲ್ಸ್‌ನಲ್ಲಿ ಸಡಿಲವಾಗಿದ್ದು 1967ರ ಜುಲೈನಲ್ಲಿ. ಅವನು ಸತ್ತಿದ್ದು ಅದೇ ವರ್ಷ ಫೆಬ್ರವರಿ 3ರಂದು, 37ನೇ ವಯಸ್ಸಿನಲ್ಲಿ. ಇದನ್ನೆಲ್ಲ ಬಿಟ್ಟು ಸುಮ್ನೆ ಹುಚ್ಚ ಅಂದುಬಿಟ್ಟರೆ ಅವನಿಗೆ ಏನಾಯಿತು ಅಂತ ಓದುಗನಿಗೆ ಗೊತ್ತಾಗುವುದೇ ಇಲ್ಲ.

ಅದೇ ಫೆಬ್ರವರಿ 3ರ ಬೆಳಿಗ್ಗೆ ವೈಲೆಟ್ ಶೆಂಟನ್ ಮೇಲಿನ ಮನೆಗೆ ಹೋದರು. ಮಾತಿಗೆ ಮಾತು ಬೆಳೆಯಿತು. ಟೊರ್ನಾಡೋಸ್‌ನಲ್ಲಿ ಬೇಸ್ ಗಿಟಾರ್ ನುಡಿಸುತ್ತಿದ್ದ ಹೈನ್ಸ್‌ನ ಬಂದೂಕು ಆ ಮನೆಯಲ್ಲಿತ್ತು. ಮೀಕ್ ಅದರಿಂದ ಅವರಿಗೆ ಗುಂಡು ಹೊಡೆದ, ಅವರು ಮೆಟ್ಟಿಲ ಮೇಲಿಂದ ಕೆಳಗೆ ಬಿದ್ದರು. ಆಮೇಲೆ ತನಗೇ ಹೊಡೆದುಕೊಂಡ.

ಸೈಕಲ್ ಕ್ಲಿಪ್‌ಗಳಿಂದ ಮೈಕ್ ಸಿಕ್ಕಿಸಿದ್ದ ಮನೆಯ ಮೆಟ್ಟಿಲು. ಇದು ತಿಳಿದ ಮೇಲೆ ಆ ಹಾಡಿನ ಧಡ್ ಧಡ್ ನನಗೆ ಮೊದಲಿನ ಹಾಗೆ ಕೇಳಿಸುತ್ತಿಲ್ಲ. ಹಾಗಂತ ಕೇಳುವುದನ್ನು ಬಿಟ್ಟಿಲ್ಲ. ಅದು ಒಳ್ಳೆಯ ರೆಕಾರ್ಡಿಂಗ್, ಅದರಲ್ಲಿ ಎರಡು ಮಾತಿಲ್ಲ. ಆದರೆ ಮೀಕ್‌ನ ಕಷ್ಟಗಳನ್ನು ಒಂದೊಂದಾಗಿ ಬರೆಯುವವರು, ಆ ಕಷ್ಟಗಳಲ್ಲಿ ಒಂದಕ್ಕೂ ಕಾರಣಳಲ್ಲದ ಹೆಂಗಸಿನ ಹೆಸರು ಬರೆಯುವಾಗ ಯಾಕೆ ಹಿಂಜರಿಯುತ್ತಾರೆ? ನಿಮ್ಮ ಪತ್ರಿಕೆ ಒಂದೇ ಅಲ್ಲ, ಎಷ್ಟೋ ಕಡೆ 'ಮನೆ ಮಾಲಕಿ' ಅಂತಲೇ ಓದಿದ್ದೇನೆ.

ಮೀಕ್‌ಗೆ ಈಗ ಗೌರವ ಬಂದಿದೆ, ಬರಬೇಕಾದ್ದೇ. ಅವನು ಬಿಟ್ಟುಹೋದ ಟೇಪುಗಳು, 1,850ಕ್ಕೂ ಜಾಸ್ತಿ, ಚಹಾ ಪೆಟ್ಟಿಗೆಗಳಲ್ಲಿ ತುಂಬಿದ್ದವು. ಆಗ ಅವನ್ನು 300 ಪೌಂಡ್‌ಗೆ ಮಾರಿದರು. 2020ರಲ್ಲಿ ಚೆರ್ರಿ ರೆಡ್ ಕಂಪನಿ ಕೊಂಡುಕೊಂಡಿತು, ಅದರೊಳಗಿನ ಹಾಡುಗಳು ಈಗ ಒಂದೊಂದಾಗಿ ಹೊರಗೆ ಬರುತ್ತಿವೆ. ಬ್ರಿಟನ್ನಿನ ಪ್ರೊಡ್ಯೂಸರ್‌ಗಳ ಸಂಘ ಅವನ ಹೆಸರಿನಲ್ಲಿ ಪ್ರಶಸ್ತಿಯನ್ನೂ ಇಟ್ಟಿತು. ಹಾಲೊವೇ ರಸ್ತೆಯ ಆ ಮನೆಯ ಗೋಡೆಗೆ ಒಂದು ದುಂಡನೆಯ ಕಪ್ಪು ಫಲಕ ಹಾಕಿದ್ದಾರೆ. ರೆಕಾರ್ಡ್ ಪ್ರೊಡ್ಯೂಸರ್, ಟೆಲ್‌ಸ್ಟಾರ್‌ನ ಮನುಷ್ಯ, ಇಲ್ಲಿ ಬಾಳಿದ, ಇಲ್ಲಿ ದುಡಿದ, ಇಲ್ಲೇ ಸತ್ತ ಅಂತ ಅದರ ಮೇಲಿದೆ.

ವೈಲೆಟ್ ಶೆಂಟನ್ ದುಡಿದದ್ದೂ ಅಲ್ಲೇ, ಸತ್ತದ್ದೂ ಅಲ್ಲೇ. ಆ ಫಲಕದಲ್ಲಿ ಅವರ ಹೆಸರಿಲ್ಲ. ಮುಂದಿನ ವಾರದ ಪುರವಣಿಯಲ್ಲಿ ತಿದ್ದುಪಡಿ ಅಂತ ಒಂದು ಸಾಲು ಹಾಕಿ, ಅವರ ಹೆಸರನ್ನು ಪೂರ್ತಿಯಾಗಿ ಅಚ್ಚು ಮಾಡಿ.

ಇಂತಿ,
ನಿಮ್ಮ ಓದುಗ