ಎಲ್ಲೆಯ ನಕ್ಷೆಗೆ ಜೊತೆಯಾದ ಅಣ್ಣನಿಗೆ

ಬಿಳಿಗಿರಿರಂಗನ ಬೆಟ್ಟದಲ್ಲಿ ನಮ್ಮ ಹಿರಿಯರ ಹಿಂದೆ ಜಿಪಿಎಸ್ ಹಿಡಿದು ನಡೆದು, ಹೆಸರು ಹಾಕಬೇಡಿ ಎಂದ ಅಣ್ಣಾ, ನಮ್ಮ ಪೋಡಿನವರೆಲ್ಲರ, ಅಂದರೆ ಸೋಲಿಗರ ಹಾಡಿಯವರೆಲ್ಲರ ನಮಸ್ಕಾರ.

ಸೋಲಿಗರ ಕುಲಕುಲಕ್ಕೂ ಅದರದೇ ಎಲ್ಲೆಯಿದೆ, ಅಂದರೆ ಆ ಕುಲಕ್ಕೆ ಸೇರಿದ ಕಾಡಿನ ಭಾಗ. ಅದರೊಳಗೆ ದೇವರು, ಮಾರಮ್ಮ, ವೀರು, ಕಲ್ಲುಗುಡಿ, ಅಬ್ಬಿ ಎಂಬ ಪವಿತ್ರ ಜಾಗಗಳು. 2006ರ ಅರಣ್ಯ ಹಕ್ಕು ಕಾಯ್ದೆಯ ನಿಯಮಗಳು ಪವಿತ್ರ ಮರ, ಬನ, ಸುಡುಗಾಡುಗಳನ್ನು ಸಮುದಾಯದ ಕಾಡಿನ ಹಕ್ಕಿಗೆ ಹಾಕುವ ಅರ್ಜಿಗೆ ಪುರಾವೆಯೆಂದು ಒಪ್ಪುತ್ತವೆ. ಆದರೆ ಒಂದೇ ಪುರಾವೆ ಸಾಲದು. ಅದಕ್ಕೇ ನೀವು ಪ್ರತಿ ಜಾಗಕ್ಕೂ ಹಿರಿಯರ ಹೇಳಿಕೆ ಬರೆಸಿ, ಹೆಬ್ಬೆಟ್ಟು ಒತ್ತಿಸಿದಿರಿ.

ದಟ್ಟ ಮರದಡಿ, ಹಳ್ಳದ ಕೊರಕಲಲ್ಲಿ ಉಪಗ್ರಹದ ಸಂಕೇತ ಬಂಡೆಗೆ ಬಡಿದು ಗುರುತು ಹತ್ತಾರು ಮೀಟರ್ ಸರಿಯುತ್ತದೆ. ಹೋದೊಡನೆ ಗುಂಡಿ ಒತ್ತಬಾರದು. ನಾಲ್ಕೈದು ನಿಮಿಷ ನಿಂತು ಸರಾಸರಿ ತೆಗೆಯಬೇಕು. ಆಗಲೂ ಅಲುಗಾಡಿದರೆ ಹತ್ತಿರದ ಬಯಲಲ್ಲಿ ಗುರುತು ಹಾಕಿ, ಅಲ್ಲಿಂದ ದಿಕ್ಕು, ದೂರ ಬರೆದುಕೊಳ್ಳಬೇಕು. ಇನ್ನೊಂದು, ಓದಿದವರೇ ಎಡವುವ ಜಾಗ: 11 ಡಿಗ್ರಿ 54 ನಿಮಿಷ ಎಂದರೆ ದಶಮಾಂಶದಲ್ಲಿ 11.9. ಅದನ್ನು 11.54 ಎಂದು ತುಂಬಿದರೆ ನಮ್ಮ ದೇವರು ಸುಮಾರು 40 ಕಿಲೋಮೀಟರ್ ದಕ್ಷಿಣಕ್ಕೆ ಹೋಗಿ ಕೂರುತ್ತಾನೆ!

ನಕ್ಷೆಯನ್ನು ಎರಡು ಮಾಡಿಸಿದ್ದು ನಿಮ್ಮ ಜಾಣತನ. ಕಚೇರಿಗೆ ಕೊಡುವ ಪ್ರತಿಯಲ್ಲಿ ಅರ್ಜಿಗೆ ಬೇಕಾದ ಗುರುತುಗಳಷ್ಟೇ ಇವೆ. ಹೆಜ್ಜೇನು ಕಟ್ಟುವ ಮರಗಳಿರುವ ಹಾಳೆ ಗ್ರಾಮಸಭೆಯ ಪೆಟ್ಟಿಗೆಯಲ್ಲಿದೆ, ಬೀಗದ ಕೈ ಯಜಮಾನರ ಹತ್ತಿರ.