ದೊಡ್ಡಪ್ಪನಿಗೆ: ಹಳಿಯೇ ಬೀದಿಯಾಗಿದ್ದ ಊರು

ಚಾರ್ಲ್ಸ್‌ಟನ್, ವೆಸ್ಟ್ ವರ್ಜೀನಿಯಾ

ತೀರ್ಥರೂಪ ದೊಡ್ಡಪ್ಪನವರಿಗೆ ನಮಸ್ಕಾರಗಳು. ನಾವಿಲ್ಲಿ ಎಲ್ಲರೂ ಚೆನ್ನಾಗಿದ್ದೇವೆ. ದೊಡ್ಡಮ್ಮನ ಮಂಡಿನೋವು ಈಗ ಹೇಗಿದೆ, ತಪ್ಪದೆ ತಿಳಿಸಿ.

ಥರ್ಮಂಡ್ ಅನ್ನೋ ಊರು ನೋಡಿ ಬಂದೆವು ಅಂತ ಫೋನಿನಲ್ಲಿ ಹೇಳಿದ್ದೆನಲ್ಲ, ಆ ಮಾತು ಅರ್ಧಕ್ಕೇ ನಿಂತಿತ್ತು. ಉಳಿದದ್ದನ್ನು ಬರೆದೇ ಕಳಿಸೋಣ ಅನ್ನಿಸಿತು. ನೀವು ಅರಸೀಕೆರೆ ಲೋಕೋ ಶೆಡ್ಡಿನಲ್ಲಿ ಉಗಿ ಎಂಜಿನ್ನುಗಳ ಜೊತೆ ಬಾಳಿದವರು. ಈ ಊರು ಯಾಕೆ ಹುಟ್ಟಿತು, ಯಾಕೆ ಬರಿದಾಯಿತು ಅಂತ ನಿಮಗೆ ಅರ್ಥವಾಗುವಷ್ಟು ನಮ್ಮ ಮನೆಯಲ್ಲಿ ಬೇರೆ ಯಾರಿಗೂ ಆಗುವುದಿಲ್ಲ.

ನಮ್ಮ ಮನೆಯಿಂದ ಅಲ್ಲಿಗೆ ಕಾರಿನಲ್ಲಿ ಸುಮಾರು ಒಂದೂವರೆ ಗಂಟೆ ದಾರಿ. ದೊಡ್ಡ ರಸ್ತೆ ಬಿಟ್ಟು ಗ್ಲೆನ್ ಜೀನ್ ಅನ್ನೋ ಕಡೆ ತಿರುಗಬೇಕು. ಅಲ್ಲಿಂದ ಮುಂದೆ 11 ಕಿಲೋಮೀಟರ್ ಕಿರಿದಾದ ರಸ್ತೆ. ಪಕ್ಕದಲ್ಲೇ ಡನ್‌ಲೂಪ್ ಅನ್ನೋ ಹಳ್ಳ ಹರಿಯುತ್ತದೆ. ಕಾಡು ದಟ್ಟವಾಗುತ್ತಾ ಹೋಗುತ್ತದೆ, ರಸ್ತೆ ಇಳಿಯುತ್ತಾ ಹೋಗುತ್ತದೆ. ಕೊನೆಗೆ ನ್ಯೂ ರಿವರ್ ಕಾಣುತ್ತದೆ. ಅದರ ಮೇಲೆ ರೈಲು ಸೇತುವೆ, ಅದಕ್ಕೇ ಅಂಟಿಕೊಂಡಂತೆ ಒಂದೇ ಕಾರು ಹೋಗುವಷ್ಟು ರಸ್ತೆ. ಎದುರಿನಿಂದ ಯಾರಾದರೂ ಬಂದರೆ ನಾವು ಕಾಯಬೇಕು. ದಾಟಿದರೆ ಥರ್ಮಂಡ್.

ಮೊದಲು ಜಾಗದ ವಿಷಯ ಹೇಳುತ್ತೇನೆ. ಅದು ತಿಳಿಯದೆ ಊರಿನ ಕಥೆ ತಿಳಿಯುವುದಿಲ್ಲ. ನ್ಯೂ ರಿವರ್ ಹುಟ್ಟುವುದು ನಾರ್ತ್ ಕೆರೊಲಿನಾದ ಬೆಟ್ಟಗಳಲ್ಲಿ. ಅಲ್ಲಿಂದ ಉತ್ತರಕ್ಕೆ ಹರಿದು, ಅಪಲಾಚಿಯನ್ ಬೆಟ್ಟಸಾಲನ್ನೇ ಕೊರೆದುಕೊಂಡು ಬರುತ್ತದೆ. ಆಮೇಲೆ ಗಾಲಿ ನದಿಯ ಜೊತೆ ಸೇರಿ ಕನಾವಾ ಆಗುತ್ತದೆ. ನಮ್ಮ ಚಾರ್ಲ್ಸ್‌ಟನ್ ಊರಿನ ನಡುವೆ ಹರಿಯುವುದೂ ಅದೇ ಕನಾವಾ. ನದಿ ಕೊರೆದ ಕಣಿವೆಯ ಗೋಡೆಗಳಲ್ಲಿ ಕಲ್ಲಿದ್ದಲಿನ ಪದರಗಳು ತಾವಾಗಿಯೇ ಹೊರಗೆ ಕಾಣುವಂತಾದವು. ಹೊಗೆ ಕಡಿಮೆ, ಶಾಖ ಜಾಸ್ತಿ ಇರುವ ಒಳ್ಳೆ ಕಲ್ಲಿದ್ದಲು. ಆದರೆ ಅದನ್ನು ಹೊರಗೆ ಸಾಗಿಸುವುದು ಹೇಗೆ? ನದಿಯ ತುಂಬ ಬಂಡೆಗಳು, ಭೋರ್ಗರೆಯುವ ನೀರು. ದೋಣಿ ನಡೆಯುವಂತಿರಲಿಲ್ಲ. ರೈಲು ಬರುವವರೆಗೂ ಆ ಕಲ್ಲಿದ್ದಲಿಗೆ ಬೆಲೆಯೇ ಇರಲಿಲ್ಲ.

ರೈಲು ಬಂದದ್ದು 1873ರಲ್ಲಿ. ಚೆಸಪೀಕ್ ಅಂಡ್ ಒಹಾಯೊ ಅನ್ನೋ ಕಂಪನಿ ಈ ಕಣಿವೆಯೊಳಗೆ ಲೈನ್ ಹಾಕಿತು. ಜನ ಅದನ್ನು ಸಿ ಅಂಡ್ ಓ ಅನ್ನುತ್ತಾರೆ. ಕಣಿವೆಯ ಹಾಕ್ಸ್ ನೆಸ್ಟ್ ಅನ್ನೋ ಜಾಗದಲ್ಲಿ ಆ ವರ್ಷದ ಜನವರಿ 29ರಂದು ಎರಡೂ ಕಡೆಯ ಹಳಿಗಳು ಕೂಡಿದವು. ಬಂಡೆ ಒಡೆದವರು, ಸುರಂಗ ಕೊರೆದವರು ಹೆಚ್ಚಾಗಿ ಕಪ್ಪು ಜನ. ಆಗಷ್ಟೇ ಗುಲಾಮಗಿರಿಯಿಂದ ಬಿಡುಗಡೆಯಾದವರು ಅವರಲ್ಲಿ ಬಹಳ ಜನ. ಜೈಲಿನಿಂದ ಕರೆತಂದು ದುಡಿಸಿದ ಕೈದಿಗಳೂ ಇದ್ದರು. ಅವರಲ್ಲಿ ಸತ್ತವರೆಷ್ಟೋ. ಈ ಲೈನಿನ ಹೆಸರು ಹೇಳುವಾಗೆಲ್ಲ ಅವರನ್ನೂ ನೆನೆಯಬೇಕು ಅನ್ನಿಸುತ್ತದೆ ನನಗೆ.

ಅದೇ 1873ರಲ್ಲಿ ಡಬ್ಲ್ಯೂ. ಡಿ. ಥರ್ಮಂಡ್ ಎಂಬ ಕ್ಯಾಪ್ಟನ್ ಇಲ್ಲಿ ಒಂದು ಜಮೀನಿನ ಸರ್ವೆ ಮಾಡಿಕೊಟ್ಟ. ಅದರ ಕೂಲಿಯಾಗಿ ಅವನಿಗೆ 73 ಎಕರೆ ಸಿಕ್ಕಿತು. ಅವನ ಹೆಸರೇ ಊರಿಗೆ ಉಳಿಯಿತು. ಎಕರೆ ಅಂದ ತಕ್ಷಣ ನೀವು ನಮ್ಮ ಕಡೆಯ ಹೊಲ ಕಲ್ಪಿಸಿಕೊಳ್ಳಬೇಡಿ. ಒಂದು ಕಡೆ ನದಿ, ಇನ್ನೊಂದು ಕಡೆ ನೆಟ್ಟಗೆ ನಿಂತ ಬೆಟ್ಟ. ನಡುವೆ ಇದ್ದ ಚೂರು ಸಮತಟ್ಟು ಜಾಗವನ್ನು ಹಳಿಗಳೇ ಹಿಡಿದುಕೊಂಡವು. ಅಂಗಡಿ, ಬ್ಯಾಂಕು, ಹೋಟೆಲ್ ಎಲ್ಲ ಹಳಿಯ ಅಂಚಿಗೇ ಕಟ್ಟಿದರು. ಅಂಗಡಿ ಬಾಗಿಲು ತೆಗೆದರೆ ಎದುರಿಗೆ ಗಾಡಿ. ಮನೆಗಳು ಹಿಂದೆ ಬೆಟ್ಟದ ಇಳಿಜಾರಿನಲ್ಲಿ. ಈ ಊರಿಗೆ ಪೇಟೆ ಬೀದಿ ಅಂತ ಒಂದು ಇರಲೇ ಇಲ್ಲ, ದೊಡ್ಡಪ್ಪ. 1921ರವರೆಗೆ ಇಲ್ಲಿಗೆ ರಸ್ತೆಯೂ ಇರಲಿಲ್ಲ. ಹೆರಿಗೆಗೆ ಡಾಕ್ಟರ್ ಬರಬೇಕಾದರೂ, ಅಕ್ಕಿ ಬೇಳೆಯಂಥ ದಿನಸಿ ಬರಬೇಕಾದರೂ, ಹೆಣ ಹೋಗಬೇಕಾದರೂ ರೈಲೇ ಗತಿ.

ಊರಿಗೆ ಕಳೆ ಬಂದದ್ದು ನದಿಯ ಆಚೆಯಿಂದ. ಆಚೆ ದಡದ ಜಮೀನು ಥಾಮಸ್ ಮೆಕೆಲ್ ಎಂಬ ಸಾಹುಕಾರನದು. ಹಳ್ಳದ ಉದ್ದಕ್ಕೂ ಗಣಿಗಳವರೆಗೆ ಬ್ರಾಂಚ್ ಲೈನ್ ಹಾಕುವಂತೆ ಕಂಪನಿಯನ್ನು ಅವನು ಒಪ್ಪಿಸಿದ. 1889ರಲ್ಲಿ ಸೇತುವೆ ಆಯಿತು. ಅಲ್ಲಿಂದ ಮುಂದೆ ಸುತ್ತಲಿನ ಗಣಿಗಳ ಕಲ್ಲಿದ್ದಲೆಲ್ಲ ಥರ್ಮಂಡ್ ಯಾರ್ಡಿಗೆ ಬಂದು ಬೀಳತೊಡಗಿತು. ಬೇರೆ ಬೇರೆ ಗಣಿಗಳಿಂದ ಬಂದ ವ್ಯಾಗನ್‌ಗಳನ್ನು ಇಲ್ಲಿ ಬಿಡಿಸಿ, ಶಂಟಿಂಗ್ ಮಾಡಿ, ಉದ್ದನೆಯ ಗೂಡ್ಸ್ ಗಾಡಿಯಾಗಿ ಜೋಡಿಸಿ ಮೇನ್ ಲೈನಿಗೆ ಬಿಡುತ್ತಿದ್ದರು.

1900ರಿಂದ 1920ರವರೆಗಿನ ವೈಭವ ಕೇಳಿದರೆ ಆಶ್ಚರ್ಯವಾಗುತ್ತದೆ. ದಿನಕ್ಕೆ 15 ಪ್ಯಾಸೆಂಜರ್ ಗಾಡಿಗಳು. ವರ್ಷಕ್ಕೆ 95,000 ಜನ ಪ್ರಯಾಣಿಕರು ಹತ್ತಿ ಇಳಿದದ್ದೂ ಉಂಟು. ಇಡೀ ಸಿ ಅಂಡ್ ಓ ಲೈನಿನಲ್ಲಿ ಅತಿ ಹೆಚ್ಚು ಆದಾಯ ಬರುತ್ತಿದ್ದದ್ದು ಈ ಸ್ಟೇಷನ್ನಿನಿಂದ. ಎರಡು ಬ್ಯಾಂಕುಗಳಿದ್ದವು. ಗಣಿ ಮಾಲೀಕರ ದುಡ್ಡೆಲ್ಲ ಅಲ್ಲೇ. 1904ರ ಮ್ಯಾಂಕಿನ್-ಕಾಕ್ಸ್ ಕಟ್ಟಡ ಈಗಲೂ ನಿಂತಿದೆ. ಅದರ ಒಂದು ಬದಿಯಲ್ಲಿ ಬ್ಯಾಂಕು, ಇನ್ನೊಂದು ಬದಿಯಲ್ಲಿ ಔಷಧಿ ಅಂಗಡಿ ಇದ್ದವು. ಆದರೆ ಊರಿನ ಸ್ವಂತ ಜನ ಹೆಚ್ಚೆಂದರೆ ಐನೂರು. ಈ ದುಡ್ಡು ಬೆಟ್ಟದೊಳಗೆ ಕುಕ್ಕರಗಾಲಲ್ಲಿ ಕೂತು ಕಲ್ಲಿದ್ದಲು ಅಗೆದವರ ಕೈಗೆ ಸೇರಲಿಲ್ಲ ಅನ್ನುವುದನ್ನೂ ಹೇಳಬೇಕು. ಎಷ್ಟೋ ಗಣಿಗಳಲ್ಲಿ ಕೂಲಿಯನ್ನು ಕಂಪನಿಯ ಬಿಲ್ಲೆಗಳಲ್ಲಿ ಕೊಡುತ್ತಿದ್ದರು. ಅವು ನಡೆಯುತ್ತಿದ್ದದ್ದು ಕಂಪನಿಯ ಅಂಗಡಿಯಲ್ಲಿ ಮಾತ್ರ.

ಕ್ಯಾಪ್ಟನ್ ಥರ್ಮಂಡ್ ಕಟ್ಟುನಿಟ್ಟಿನ ಮನುಷ್ಯ. ತನ್ನ ಜಮೀನಿನಲ್ಲಿ ಹೆಂಡ ಮಾರಬಾರದು ಎಂದಿದ್ದ. ಮೆಕೆಲ್‌ಗೆ ಆ ನಿಯಮ ಇರಲಿಲ್ಲ. ಅವನು 1901ರಲ್ಲಿ ತನ್ನ ದಡದಲ್ಲಿ ಡನ್ ಗ್ಲೆನ್ ಎಂಬ 100 ಕೋಣೆಗಳ ಹೋಟೆಲ್ ತೆರೆದ. ಕುಡಿತ, ಜೂಜು ಎಲ್ಲ ಅಲ್ಲೇ. ಒಂದೇ ಇಸ್ಪೀಟು ಆಟ ಅಲ್ಲಿ 14 ವರ್ಷ ನಿಲ್ಲದೆ ನಡೆಯಿತು ಅಂತ ಇವತ್ತಿಗೂ ಹೇಳುತ್ತಾರೆ. 1914ರಲ್ಲಿ ರಾಜ್ಯದಲ್ಲೇ ಪಾನನಿಷೇಧ ಬಂತು. 1930ರಲ್ಲಿ ಆ ಹೋಟೆಲ್ ಸುಟ್ಟುಹೋಯಿತು. ಅದಕ್ಕೂ ಮೊದಲೇ, 1922ರಲ್ಲಿ, ಈಚೆ ದಡದಲ್ಲೂ ದೊಡ್ಡ ಬೆಂಕಿ ಬಿದ್ದಿತ್ತು. ಆಮೇಲೆ ಆರ್ಥಿಕ ಮುಗ್ಗಟ್ಟು. ಊರಿನ ಎರಡು ಬ್ಯಾಂಕುಗಳಲ್ಲಿ ಒಂದಾದ ನ್ಯಾಷನಲ್ ಬ್ಯಾಂಕೂ ಮುಚ್ಚಿತು.

ಊರು ಹಾಳಾದದ್ದು ಬೆಂಕಿಯಿಂದ ಅಂತ ಓದಿದ್ದೆ. ನನಗೇನೋ ಅದು ಪೂರ್ತಿ ಸರಿ ಅನ್ನಿಸುವುದಿಲ್ಲ. ಕೆಲಸ ಇದ್ದರೆ ಸುಟ್ಟ ಅಂಗಡಿಯನ್ನು ಜನ ಮತ್ತೆ ಕಟ್ಟುತ್ತಾರೆ. ಕೆಲಸವೇ ಹೋಯಿತಲ್ಲ, ಅದು ದೊಡ್ಡದು. ಇದು ನಿಮಗೆ ಗೊತ್ತಿರುವ ವಿಷಯ. ಉಗಿ ಎಂಜಿನ್ನಿಗೆ ಎಷ್ಟು ಸೇವೆ ಬೇಕು! ನೀರು ತುಂಬಬೇಕು, ಕಲ್ಲಿದ್ದಲು ತುಂಬಬೇಕು. ಚಕ್ರ ಜಾರದಂತೆ ಮರಳು ಹಾಕಬೇಕು. ಬೂದಿ ತೆಗೆಯಬೇಕು, ಬಾಯ್ಲರ್ ತೊಳೆಯಬೇಕು, ಸಣ್ಣಪುಟ್ಟ ರಿಪೇರಿ ನೋಡಬೇಕು. ಕಡಿದಾದ ಕಣಿವೆಯಲ್ಲಿ ಭಾರ ಎಳೆದು ಬಂದ ಎಂಜಿನ್ ಇನ್ನೂ ಜಾಸ್ತಿ ದಣಿದಿರುತ್ತದೆ. ಥರ್ಮಂಡ್‌ನ ಜನರ ಅನ್ನ ಇದ್ದದ್ದು ಈ ಸೇವೆಯಲ್ಲೇ. 1922ರಲ್ಲಿ ಕಾಂಕ್ರೀಟಿನ ಒಂದು ಗೋಪುರ ಕಟ್ಟಿದರು. ಅದರಲ್ಲಿ 500 ಟನ್ ಕಲ್ಲಿದ್ದಲು ಹಿಡಿಯುತ್ತಿತ್ತು. ಕೆಳಗೆ ಎಂಜಿನ್ ಬಂದು ನಿಂತರೆ ಮೇಲಿನ ತೂಬಿನಿಂದ ನೇರ ಟೆಂಡರಿಗೆ, ಅಂದರೆ ಎಂಜಿನ್ನಿನ ಹಿಂದಿನ ಕಲ್ಲಿದ್ದಲು ಗಾಡಿಗೆ, ಕಲ್ಲಿದ್ದಲು ಬೀಳುತ್ತಿತ್ತು.

1940ರ ದಶಕದ ಕೊನೆಗೆ ಡೀಸೆಲ್ ಎಂಜಿನ್ನುಗಳು ಬರತೊಡಗಿದವು. ಅವಕ್ಕೆ ಇಲ್ಲಿ ನಿಲ್ಲುವ ಕೆಲಸವೇ ಇರಲಿಲ್ಲ. ನೀರು ಬೇಡ, ಬೂದಿ ಇಲ್ಲ. ಗೋಪುರದ ಕೆಳಗೇ ಹಾದು ಮುಂದಿನ ಊರಿಗೆ ಹೋದವು. ಸಿ ಅಂಡ್ ಓ ಕಲ್ಲಿದ್ದಲು ಸಾಗಿಸಿಯೇ ಬೆಳೆದ ಕಂಪನಿ. ಅದು ಉಗಿ ಎಂಜಿನ್ನುಗಳನ್ನು ಬಹಳಷ್ಟು ಕಂಪನಿಗಳಿಗಿಂತ ಹೆಚ್ಚು ಕಾಲ ಉಳಿಸಿಕೊಂಡಿತ್ತು. ಆದರೂ 1950ರ ದಶಕದಲ್ಲಿ ಅದೂ ಕೈಬಿಟ್ಟಿತು. ಬೇರೆ ಊರಾಗಿದ್ದರೆ ಒಂದು ಕಾರ್ಖಾನೆಯೋ, ವ್ಯವಸಾಯವೋ ಏನಾದರೂ ಹಿಡಿದುಕೊಳ್ಳುತ್ತಿತ್ತು. ಇಲ್ಲಿ ಜಾಗ ಎಲ್ಲಿದೆ? ಉಳುವುದಕ್ಕೆ ನೆಲವಿಲ್ಲ, ಕಟ್ಟುವುದಕ್ಕೆ ನಿವೇಶನವಿಲ್ಲ. ಊರನ್ನು ಬೆಳೆಸಿದ ಕಣಿವೆಯೇ ಅದನ್ನು ಇನ್ನೇನೂ ಆಗಲು ಬಿಡಲಿಲ್ಲ.

2020ರ ಜನಗಣತಿಯಲ್ಲಿ ಥರ್ಮಂಡ್‌ನ ಜನಸಂಖ್ಯೆ 5. ಹೌದು, ಐದೇ ಜನ. ಹಾಗಿದ್ದೂ ಅದು ಕಾನೂನಿನ ಪ್ರಕಾರ ಒಂದು ಊರು. ಮೇಯರ್ ಇದ್ದಾರೆ, ಕೌನ್ಸಿಲ್ ಇದೆ. 2015ರಲ್ಲಿ ಆ ಕೌನ್ಸಿಲ್ ಒಮ್ಮತದಿಂದ ಒಂದು ಕಾನೂನು ಮಾಡಿತು. ಸಲಿಂಗಿಗಳು, ಲಿಂಗ ಪರಿವರ್ತಿತರು ಎಂಬ ಕಾರಣಕ್ಕೆ ಯಾರಿಗೂ ಕೆಲಸ, ಮನೆ ನಿರಾಕರಿಸುವಂತಿಲ್ಲ ಅಂತ. ಅಮೆರಿಕದಲ್ಲಿ ಇಂಥ ಕಾನೂನು ಮಾಡಿದ ಅತಿ ಚಿಕ್ಕ ಊರು ಇದೇ ಎಂದು ದೇಶದ ತುಂಬ ಸುದ್ದಿಯಾಯಿತು. ಅಷ್ಟು ಕಡಿಮೆ ಜನ ಕೂತು ತಮ್ಮೂರು ಹೇಗಿರಬೇಕು ಅಂತ ತೀರ್ಮಾನ ಮಾಡಿದ್ದು ನನಗೆ ಬಹಳ ಹಿಡಿಸಿತು.

ಕಟ್ಟಡಗಳಲ್ಲಿ ಹೆಚ್ಚಿನವು ಈಗ ರಾಷ್ಟ್ರೀಯ ಉದ್ಯಾನ ಇಲಾಖೆಯ ಸುಪರ್ದಿನಲ್ಲಿವೆ. 1904ರ ಸ್ಟೇಷನ್ನನ್ನು 1995ರಲ್ಲಿ ಚೆನ್ನಾಗಿ ದುರಸ್ತಿ ಮಾಡಿ ಪ್ರವಾಸಿಗರಿಗೆ ತೆರೆದಿದ್ದಾರೆ. ಹಳೆಯ ಎಂಜಿನ್ ಶೆಡ್ ಮಾತ್ರ ಉಳಿಯಲಿಲ್ಲ. 1999ರಲ್ಲಿ ಅದೂ ಬೆಂಕಿಗೆ ಹೋಯಿತು. ನಿಮಗೆ ತೋರಿಸಬೇಕಾದದ್ದು ಅದೇ ಆಗಿತ್ತು ನೋಡಿ, ಅದಕ್ಕೇ ಬೇಜಾರು. ಶಿಕಾಗೊ ಮತ್ತು ನ್ಯೂಯಾರ್ಕ್ ನಡುವೆ ಓಡುವ ಕಾರ್ಡಿನಲ್ ಎಂಬ ಗಾಡಿ ವಾರಕ್ಕೆ ಮೂರು ದಿನ ಈ ದಾರಿಯಲ್ಲಿ ಹೋಗುತ್ತದೆ. ಹತ್ತುವವರೋ ಇಳಿಯುವವರೋ ಇದ್ದರೆ ನಿಲ್ಲಿಸುತ್ತಾರೆ. ಕಲ್ಲಿದ್ದಲಿನ ಗೂಡ್ಸ್ ಗಾಡಿಗಳು ಈಗಲೂ ಓಡುತ್ತವೆ. ನಾವಿದ್ದಾಗಲೂ ಒಂದು ಹೋಯಿತು. ಅಂಗಡಿ ಜಗಲಿಯ ಮೇಲೆ ನಿಂತವರಿಗೆ ಕಾಲಡಿಯ ನೆಲ ನಡುಗಿದ್ದು ಗೊತ್ತಾಗುತ್ತದೆ.

ಮುಂದಿನ ವರ್ಷ ನೀವು ಮತ್ತು ದೊಡ್ಡಮ್ಮ ಬಂದಾಗ ಅಲ್ಲಿಗೆ ಕರೆದುಕೊಂಡು ಹೋಗಲೇಬೇಕು ಅಂತಿದ್ದೇನೆ. ಸ್ಟೇಷನ್ ಹತ್ತಿರ ನಡೆದಾಡುವುದಕ್ಕೆ ಹತ್ತಿ ಇಳಿಯುವ ಕಷ್ಟ ಇಲ್ಲ. ದೊಡ್ಡಮ್ಮನ ಮಂಡಿಗೂ ತೊಂದರೆಯಾಗದು. ಫೋಟೊಗಳನ್ನು ಅಣ್ಣನ ಮೊಬೈಲಿಗೆ ಕಳಿಸಿದ್ದೇನೆ, ದೊಡ್ಡದು ಮಾಡಿ ತೋರಿಸಲು ಹೇಳಿ. ಕಲ್ಲಿದ್ದಲು ಗೋಪುರದ ಕೆಳಗಿನ ತೂಬುಗಳನ್ನು ಹತ್ತಿರದಿಂದ ತೆಗೆದಿದ್ದೇನೆ.

ಅದನ್ನು ನೋಡಿದ ಮೇಲೆ ನನಗೊಂದು ವಿಷಯ ಬರೆದು ತಿಳಿಸಿ. ಅರಸೀಕೆರೆಯಲ್ಲಿ ಟೆಂಡರಿಗೆ ಕಲ್ಲಿದ್ದಲು ಹೇಗೆ ತುಂಬುತ್ತಿದ್ದಿರಿ? ಬುಟ್ಟಿಯಲ್ಲಿ ಹೊತ್ತೋ, ಕ್ರೇನಿನಿಂದಲೋ? ಒಂದು ಎಂಜಿನ್ ತಯಾರಾಗಲು ಎಷ್ಟು ಹೊತ್ತು ಹಿಡಿಯುತ್ತಿತ್ತು, ಎಷ್ಟು ಜನ ಬೇಕಾಗುತ್ತಿತ್ತು? ಶೆಡ್ ಮುಚ್ಚಿದ ಮೇಲೆ ನಿಮ್ಮ ಜೊತೆಯವರೆಲ್ಲ ಎಲ್ಲೆಲ್ಲಿಗೆ ಹೋದರು? ಚಿಕ್ಕಂದಿನಲ್ಲಿ ನೀವು ಹೇಳುತ್ತಿದ್ದಿರಿ, ಆದರೆ ಆಗ ಪೂರ್ತಿ ಕೇಳುವ ವಯಸ್ಸು ನನ್ನದಲ್ಲ. ಈಗ ಎಲ್ಲ ಬೇಕು. ಕೈ ನಡುಗಿದರೆ ಅಣ್ಣನ ಹತ್ತಿರ ಹೇಳಿ ಬರೆಸಿ.

ಇಂತಿ ನಿಮ್ಮ ಪ್ರೀತಿಯ,
ಪುಟ್ಟಿ